ದೀಪದ ಗಾಜಿಗೆ ಅಳತೆ

ಬಾದಾಮಿಯ ಸೀಮೆಯಲ್ಲಿ ಗುಳೇದಗುಡ್ಡ, ಇಳಕಲ್ಲುಗಳು ನೇಕಾರರ ಊರುಗಳು. ವಿದ್ಯುತ್ತು ಬರುವುದಕ್ಕೆ ಮೊದಲು ಅಲ್ಲಿ ಇರುಳಿನ ಕೆಲಸಕ್ಕೆ ಎಣ್ಣೆಯ ದೀಪವೇ ಗತಿಯಾಗಿದ್ದಿತು. ಕರಾಡದ ಬಳಿಯ ಓಗಲೆವಾಡಿಯಲ್ಲಿ ತಯಾರಾದ ‘ಪ್ರಭಾಕರ’ ಕಂದೀಲು ಅಂದಿನ ಮುಂಬಯಿ ಪ್ರಾಂತದಲ್ಲಿ ಹೆಸರಾಂತದ್ದು. ಗಾಜೊಡೆದರೆ ಜ್ವಾಲೆಯು ಹೊಯ್ದಾಡಿ ಹೊಗೆಯುಗುಳುವುದು; ಎಳೆಗಳ ಬಣ್ಣದ ಭೇದವು ಕಣ್ಣಿಗೆ ತಿಳಿಯದು. ಇಂದು ಅಂತಹ ಹಳೆಯ ದೀಪಗಳು ಹಿರಿಯರ ನೆನಪಾಗಿ ಕೆಲವು ಮನೆಗಳಲ್ಲಿ ತೂಗುತ್ತಿವೆ. ಕೆಲವಕ್ಕೆ ವಿದ್ಯುತ್ತಿನ ಬುರುಡೆಯನ್ನು ಕೂರಿಸಿರುವುದೂ ಉಂಟು. ಅವಕ್ಕೆ ತಕ್ಕ ಗಾಜು ಸುಲಭವಾಗಿ ದೊರೆಯದು. ಆದುದರಿಂದ ಕೊಳ್ಳುವುದಕ್ಕೆ ಮುಂಚೆ ಅಳೆಯುವ ಕ್ರಮವನ್ನು ನಾವು ಅರಿತಿರಬೇಕು.

ಕಣ್ಣು ಮೊದಲು ಹೋಗುವುದು ಗಾಜಿನ ಹೊಟ್ಟೆಯ ಕಡೆಗೆ. ಅದು ಅಂದಕ್ಕೆ ಸೇರಿದ್ದು. ಗಾಜು ಕೂರುವುದು ಕಂಠದಲ್ಲಿ. ಅಳೆಯತಕ್ಕದ್ದು ಕಂಠದ ಅಂಚಿನ ಹೊರವ್ಯಾಸವನ್ನು, ಮತ್ತು ಅದನ್ನು ಹಿಡಿಯುವ ಹಿತ್ತಾಳೆಯ ಬಳೆಯ ಒಳವ್ಯಾಸವನ್ನು. ಇವೆರಡೂ ಒಂದೇ ಆಗಿರಬಾರದು. 2¼ ಅಂಗುಲದ್ದೆಂದು ಕರೆಯುವ ಬಳೆಯಲ್ಲಿ ಕೂರುವ ಗಾಜಿನ ಅಂಚು ಸುಮಾರು 2⅛ ಅಂಗುಲವಿರುತ್ತದೆ. ಊದಿ ಮಾಡಿದ ಗಾಜಿನ ಬಾಯಿ ಪೂರ್ಣ ದುಂಡಗಿರುವುದು ಅಪರೂಪ. ಎರಡು ಮೂರು ದಿಕ್ಕಿನಲ್ಲಿ ಅಳೆದು ಗಾಜಿನ ಅತಿ ದೊಡ್ಡ ಅಳತೆಯನ್ನೂ ಬಳೆಯ ಅತಿ ಚಿಕ್ಕ ಅಳತೆಯನ್ನೂ ಲೆಕ್ಕಕ್ಕೆ ಹಿಡಿಯಬೇಕು. ಅಳೆಯುವ ಉಪಕರಣವಿಲ್ಲದಿದ್ದರೆ ಕಂಠದ ಅಂಚಿಗೆ ನೂಲು ಸುತ್ತಿ, ಬಂದ ಉದ್ದವನ್ನು 7ರಿಂದ ಗುಣಿಸಿ 22ರಿಂದ ಭಾಗಿಸಿದರಾಯಿತು. ಸುತ್ತಳತೆ 11 ಅಂಗುಲವಾದರೆ ವ್ಯಾಸ 3½ ಅಂಗುಲ. ಕಂದೀಲಿನ ಗಾಜಿಗೆ ಇಷ್ಟು ಸಾಲದು; ಅದು ಮೇಲೆ ಕೆಳಗೆ ಎರಡೂ ಕಡೆ ಸಿಕ್ಕಿಕೊಳ್ಳುವುದರಿಂದ ಮೇಲಿನ ಬಾಯಿ, ಕೆಳಗಿನ ಬಾಯಿ, ಎತ್ತರ, ಈ ಮೂರೂ ಬೇಕು.

ನಡುವೆ ಎಡೆ ಏಕೆಂದು ಕೇಳಬಹುದು. ಒಂದೇ ಪ್ರಮಾಣದ ಶಾಖಕ್ಕೆ ಹಿತ್ತಾಳೆಯು ಸಾಮಾನ್ಯ ಗಾಜಿನ ಸುಮಾರು ಎರಡರಷ್ಟು ಹಿಗ್ಗುತ್ತದೆ. ದೀಪವುರಿಯುವಾಗ ಬಳೆ ಸಡಿಲವಾಗಿ ಗಾಜು ಅಲುಗಾಡುವುದನ್ನು ಕಂಡು ತಿರುಪುಮೊಳೆಗಳನ್ನು ಬಿಗಿಯುವವರುಂಟು. ದೀಪವಾರಿದ ಮೇಲೆ ಬಳೆಯು ಗಾಜಿಗಿಂತ ಹೆಚ್ಚಾಗಿ ಕುಗ್ಗಿ ಕಂಠವನ್ನು ಹಿಸುಕುವುದು. ನಡುರಾತ್ರಿಯಲ್ಲಿ ಗಾಜು ಸೀಳುವುದು. ಯಾರೂ ಮುಟ್ಟದೆ ತಾನಾಗಿ ಒಡೆಯಿತೆಂದು ಮನೆಯವರು ಬೆರಗಾಗುವರು. ದೀಪ ತಣ್ಣಗಿರುವಾಗಲೇ ಮೊಳೆಗಳನ್ನು ಸಮನಾಗಿ ತಾಗಿಸಿ, ಬಳಿಕ ಪ್ರತಿಯೊಂದನ್ನೂ ಕೊಂಚ ಹಿಂದಕ್ಕೆ ತಿರುಗಿಸುವುದು ಸರಿಯಾದ ಕ್ರಮ. ಆದರೆ ಗಾಜು ಮೊಳೆಗಳ ಮೇಲಿಂದ ಜಾರದಂತೆ ಅಂಚಿಗೆ ಆಧಾರವಿರಬೇಕು.

ಬಟ್ಟೆ ಕಿರಿದಾದರೆ ಅಂಚು ಸೇರಿಸಬಹುದು. ಗಾಜಿಗೆ ಆ ಉಪಾಯವಿಲ್ಲ. ಅಂಗಡಿಗೆ ಹೋಗುವಾಗ ಅಳತೆಯ ಚೀಟಿಯು ಕೈಯಲ್ಲಿರಲಿ. ಸಾಧ್ಯವಾದರೆ ಬಳೆಯನ್ನೇ ಬಿಚ್ಚಿ ಒಯ್ಯುವುದು ಇನ್ನೂ ಮೇಲು.