ತುತ್ತೂರಿ ನಾಗಾತ

ಜಪಾನೀ ಚಲನಚಿತ್ರವು ಪಾಶ್ಚಾತ್ಯ ರಸಿಕರ ಕಣ್ಣಿಗೆ ಬಿದ್ದ ವೃತ್ತಾಂತವನ್ನು ಬರೆಯುವವರು ನಿರ್ದೇಶಕ ಕುರೊಸಾವನಿಂದ ಆರಂಭಿಸುವುದು ರೂಢಿ. ಅದು ನ್ಯಾಯವೇ ಆದರೂ, ಹಣದ ಥೈಲಿಯನ್ನು ಹಿಡಿದು ಕುಳಿತಿದ್ದವನ ಕಥೆಯೂ ಕೇಳತಕ್ಕದ್ದೇ.

1906ರಲ್ಲಿ ಕ್ಯೋತೋದಲ್ಲಿ ಜನಿಸಿದ ಮಸಾಇಚಿ ನಾಗಾತನು, ಯುದ್ಧಕಾಲದಲ್ಲಿ ಸರ್ಕಾರವು ಚಿತ್ರಸಂಸ್ಥೆಗಳನ್ನು ಎರಡಕ್ಕೆ ಇಳಿಸಹೊರಟಾಗ ಅಧಿಕಾರಿಗಳ ಮನವೊಲಿಸಿ, 1942ರಲ್ಲಿ ದಾಯೆಯ್ ಎಂಬ ಮೂರನೆಯ ಸಂಸ್ಥೆಗೆ ಜನ್ಮ ಕೊಡಿಸಿದನು; ಐದು ವರ್ಷಗಳ ತರುವಾಯ ಅದರ ಅಧ್ಯಕ್ಷನೂ ಆದನು. ಮಾತಿನ ಆರ್ಭಟದ ದೆಸೆಯಿಂದ ಜನರು ಆತನನ್ನು ‘ತುತ್ತೂರಿ ನಾಗಾತ’ ಎಂದೇ ಕರೆಯುತ್ತಿದ್ದರು.

1950ರಲ್ಲಿ ಕುರೊಸಾವನು ‘ರಾಶೋಮೋನ್’ ಚಿತ್ರದ ಪ್ರಸ್ತಾಪವನ್ನು ತಂದಾಗ, ಹೆಬ್ಬಾಗಿಲಿನ ಒಂದೇ ಸೆಟ್ಟು ಸಾಕೆಂಬ ಮಾತು ಸಂಸ್ಥೆಗೆ ಅಗ್ಗವಾಗಿ ಕಂಡಿತು. ಬಾಗಿಲು ಎದ್ದು ನಿಂತಾಗಲೋ, ಪೂರ್ಣ ಛಾವಣಿಯ ಭಾರವನ್ನು ಕಂಬಗಳು ತಾಳಲಾರವೆಂದು ಅರ್ಧ ಕುಸಿದಂತೆಯೇ ಅದನ್ನು ಕಟ್ಟಬೇಕಾಯಿತು! ಬೂದುಬಣ್ಣದ ಆಕಾಶದೆದುರು ಮಳೆಯ ಧಾರೆ ಕಾಣದೆಂದು, ಕೃತಕ ಮಳೆಯ ನೀರಿಗೆ ಕಪ್ಪು ಶಾಯಿಯನ್ನು ಬೆರೆಸಿದರು. ಇಷ್ಟೆಲ್ಲ ಆಗಿ ಸಿದ್ಧವಾದ ಚಿತ್ರವು ನಾಗಾತನಿಗೆ ಅರ್ಥವೇ ಆಗಲಿಲ್ಲವೆಂಬುದು ಪ್ರಸಿದ್ಧವಾದ ಸಂಗತಿ.

ಚಿತ್ರವನ್ನು ವೆನಿಸ್ಸಿನ ಚಿತ್ರೋತ್ಸವಕ್ಕೆ ಕಳುಹಿಸುವಂತೆ ಹಟ ಹಿಡಿದವಳು ತೋಕಿಯೋದಲ್ಲಿದ್ದ ಜೂಲಿಯಾನಾ ಸ್ತ್ರಾಮಿಜೋಲಿ ಎಂಬ ಇಟಲಿಯ ವಿದುಷಿ. 1951ರಲ್ಲಿ ಅದಕ್ಕೆ ಸುವರ್ಣಸಿಂಹ ಪ್ರಶಸ್ತಿ ಬಂದಿತು. ಚಿತ್ರವು ಅಲ್ಲಿಗೆ ಹೋಗಿದ್ದುದನ್ನೇ ಅರಿಯದ ಕುರೊಸಾವನು ಮೀನು ಹಿಡಿಯಹೋಗಿ ಬರಿಗೈಯಲ್ಲಿ ಮನೆಗೆ ಮರಳಿದಾಗ ಸುದ್ದಿ ತಿಳಿದನಂತೆ. ಮುಂದೆ ಆ ಕೀರ್ತಿಯನ್ನು ನಾಗಾತನು ತನ್ನದೆಂದೇ ಸಾರಿಕೊಂಡನು.

ನಗುವುದು ಸುಲಭ. ಆದರೂ, ಕುರುಡಾಗಿ ಒಲಿದ ಅದೃಷ್ಟವನ್ನು ಕಣ್ಣುಬಿಟ್ಟು ವ್ಯಾಪಾರವನ್ನಾಗಿ ಪರಿವರ್ತಿಸುವ ಚಾತುರ್ಯವು ಆತನಲ್ಲಿ ಇದ್ದುದನ್ನು ನಾವು ಒಪ್ಪಲೇಬೇಕು. ಸ್ವಂತ ಚಿತ್ರಮಂದಿರಗಳು ವಿರಳವಾಗಿದ್ದ ಸಂಸ್ಥೆಗೆ ಪರದೇಶದ ಮಾರುಕಟ್ಟೆಯು ಬಹುದೊಡ್ಡ ಆಸರೆಯೆಂದು ಬಗೆದು, ಪ್ರಾಚೀನ ಜಪಾನಿನ ಕಥಾವಸ್ತುಗಳನ್ನೇ ಆತನು ಆರಿಸಿಕೊಂಡನು. ನಿರ್ದೇಶಕ ಮಿಜೋಗುಚಿಯ ‘ಉಗೆತ್ಸು’ 1953ರಲ್ಲಿ ವೆನಿಸ್ಸಿನ ರಜತಸಿಂಹವನ್ನು ಗಳಿಸಿತು. ಈಸ್ಟ್‌ಮನ್ ವರ್ಣದಲ್ಲಿ ಕಿನುಗಾಸನು ನಿರ್ದೇಶಿಸಿದ ‘ಜಿಗೊಕುಮೊನ್’ ಮರುವರ್ಷ ಕಾನ್ ಉತ್ಸವದ ಪರಮ ಪುರಸ್ಕಾರವನ್ನೂ, ಅನಂತರ ವಸ್ತ್ರವಿನ್ಯಾಸಕ್ಕೆ ಆಸ್ಕರನ್ನೂ ಪಡೆಯಿತು. ಕಥೆ ಸಾಮಾನ್ಯದ್ದೇ, ಆ ಉಡುಪುಗಳ ವರ್ಣವೈಭವ ಮಾತ್ರ ಅಸಾಮಾನ್ಯ.

ಬೇಸ್‌ಬಾಲ್ ತಂಡದ ಒಡೆತನವೂ ನಾಗಾತನದಾಗಿತ್ತು. ಅದಕ್ಕಾಗಿ 1962ರಲ್ಲಿ ತೋಕಿಯೋದಲ್ಲಿ ಕ್ರೀಡಾಂಗಣವನ್ನೇ ಕಟ್ಟಿಸಿದನು. ಅಷ್ಟರಲ್ಲಿ ಟೆಲಿವಿಷನ್ ಪ್ರೇಕ್ಷಕರನ್ನು ಮನೆಯಲ್ಲೇ ಕೂರಿಸಿಬಿಟ್ಟಿತ್ತು. 1971ರ ಡಿಸೆಂಬರಿನಲ್ಲಿ ದಾಯೆಯ್ ದಿವಾಳಿಯಾಯಿತು. ಅದರ ಸ್ಥಾಪಕನು ಆಮೇಲೆ ಹದಿನಾಲ್ಕು ವರ್ಷಗಳವರೆಗೆ ಬದುಕಿದ್ದನು.