ಕಂಬಳಿ ಹೊದ್ದ ಕಲ್ಲುಹೂ

ಮಸಾಲೆ ಡಬ್ಬಿಯ ತಳದಲ್ಲಿ ಒಣಗಿ ಮುರುಟಿದ ಎಲೆಯಂಥದ್ದೊಂದು ಬಿದ್ದಿರುತ್ತದೆ. ಒಂದು ಮೈ ಬೂದಿ, ಇನ್ನೊಂದು ಮೈ ಕಪ್ಪು. ಹಾಗೇ ಮೂಸಿದರೆ ಹೇಳಿಕೊಳ್ಳುವಂಥ ವಾಸನೆಯಿಲ್ಲ. ಬಿಸಿ ಎಣ್ಣೆಗೆ ಬಿದ್ದಾಗ ನೋಡಿ, ಮಳೆ ನಿಂತ ಕಾಡಿನ ಘಮ ಏಳುತ್ತದೆ. ನಮ್ಮ ಕಡೆ ಅದು ಕಲ್ಲುಹೂ, ಬೆಳಗಾವಿ ಕಡೆ ದಗಡಫೂಲ. ಹೆಸರಿನ ಎರಡೂ ಪದ ಸುಳ್ಳು. ಅದು ಹೂವೂ ಅಲ್ಲ, ಅಂಗಡಿಗೆ ಬರುವುದರಲ್ಲಿ ಹೆಚ್ಚಿನದು ಕಲ್ಲಿನ ಮೇಲೆ ಬೆಳೆದದ್ದೂ ಅಲ್ಲ. ಮರದ ತೊಗಟೆಯಿಂದ ಬಿಡಿಸಿ ತಂದದ್ದು.

ಒಂದು ಶಿಲೀಂಧ್ರ, ಅದರ ಮಡಿಲಲ್ಲೊಂದು ಪಾಚಿ: ಇವೆರಡೂ ಕೂಡಿ ನಡೆಸುವ ಸಂಸಾರಕ್ಕೆ ಕಲ್ಲುಹೂ, ಅಂದರೆ ಲೈಕನ್, ಎಂದು ಹೆಸರು. ಶಿಲೀಂಧ್ರ ಮನೆ ಕಟ್ಟುತ್ತದೆ, ನೀರು ಹಿಡಿದಿಡುತ್ತದೆ. ಪಾಚಿ ಬಿಸಿಲಿನಲ್ಲಿ ಅಡುಗೆ ಮಾಡುತ್ತದೆ. ಭಾರತದಲ್ಲೇ 2,500ಕ್ಕೂ ಹೆಚ್ಚು ಬಗೆಯ ಕಲ್ಲುಹೂಗಳಿವೆ. ನಾನು ಹೇಳಹೊರಟಿರುವುದು ಮಾತ್ರ ಇಲ್ಲಿಯದಲ್ಲ, ಕೆನಡಾದ ಅಟ್ಲಾಂಟಿಕ್ ತೀರದ್ದು.

ಅದರ ಹೆಸರು ಎರಿಯೋಡರ್ಮಾ ಪೆಡಿಸೆಲೇಟಮ್. ಗ್ರೀಕಿನಲ್ಲಿ ‘ಎರಿಯೋನ್’ ಎಂದರೆ ಉಣ್ಣೆ, ‘ಡರ್ಮಾ’ ಎಂದರೆ ಚರ್ಮ. ಮೈಮೇಲೆಲ್ಲ ನವಿರು ರೋಮ. ಕಂಬಳಿ ಕಲ್ಲುಹೂ ಎಂದರೆ ನಮಗೆ ಸರಿಹೋಗುತ್ತದೆ. ನ್ಯೂಫೌಂಡ್‌ಲ್ಯಾಂಡ್ ದ್ವೀಪದ ಜೌಗು ಕಾಡುಗಳಲ್ಲಿ, ಬಾಲ್ಸಮ್ ಫರ್ ಮರಗಳ ಕಾಂಡಕ್ಕೆ ಅಂಟಿಕೊಂಡು ಬೆಳೆಯುತ್ತದೆ. ಅಗಲ ಸಾಮಾನ್ಯವಾಗಿ ಎರಡರಿಂದ ಐದು ಸೆಂಟಿಮೀಟರ್. ಒಣಗಿದ್ದರೆ ಬೂದುಗಂದು, ಮಂಜು ಬಿದ್ದು ನೆನೆದರೆ ಹಳೆಯ ಸ್ಲೇಟಿನ ನೀಲಿ. ಅಂಚು ಮೇಲಕ್ಕೆ ಮಡಚಿಕೊಳ್ಳುವುದರಿಂದ ಕೆಳಗಿನ ಬಿಳಿ ಮೈ ಇಣುಕಿ, ಸೀರೆಗೆ ಬಿಳಿ ಕರೆ ಹಾಕಿದಂತೆ ಕಾಣುತ್ತದೆ. ನಡುವೆ ರಾಗಿಕಾಳಿನಂಥ ಕೆಂಗಂದು ಬಿಲ್ಲೆಗಳು, ಅವಕ್ಕೆ ಗಿಡ್ಡ ತೊಟ್ಟು. ಹೆಸರಿನ ಎರಡನೇ ಪದ ಬಂದದ್ದು ಆ ತೊಟ್ಟಿನಿಂದ. ಬೀಜಕಣ ಹಾರುವುದೂ ಆ ಬಿಲ್ಲೆಗಳಿಂದಲೇ.

ಇದರ ಕಷ್ಟ ಶುರುವಾಗುವುದು ಅಲ್ಲಿಂದ. ಬೇರೆ ಎಷ್ಟೋ ಕಲ್ಲುಹೂಗಳು ತಮ್ಮ ಮೈಯ ಪುಡಿಯನ್ನೇ ಉದುರಿಸುತ್ತವೆ. ಆ ಪುಡಿಯಲ್ಲಿ ಶಿಲೀಂಧ್ರವೂ ಪಾಚಿಯೂ ಜೊತೆಗೇ ಇರುತ್ತವೆ, ಬುತ್ತಿ ಕಟ್ಟಿ ಕಳಿಸಿದ ಹಾಗೆ. ಕಂಬಳಿ ಕಲ್ಲುಹೂವಿಗೆ ಆ ಭಾಗ್ಯವಿಲ್ಲ. ಗಾಳಿಗೆ ಹಾರುವುದು ಬರೀ ಶಿಲೀಂಧ್ರದ ಬೀಜಕಣ. ಅದು ಹೋಗಿ ಬಿದ್ದ ತೊಗಟೆಯ ಮೇಲೆ ಅದಕ್ಕೆ ತಕ್ಕ ನೀಲಿ-ಹಸಿರು ಪಾಚಿ ಮೊದಲೇ ಇರಬೇಕು. ಅಂದರೆ ಪ್ರತಿ ತಲೆಮಾರಿಗೂ ಹೊಸದಾಗಿ ಸಂಬಂಧ ಹುಡುಕಬೇಕು. ಆ ಪಾಚಿಯೂ ಎಲ್ಲೆಂದರಲ್ಲಿ ಇರುವುದಲ್ಲ. ತೊಗಟೆಯ ಮೇಲೆ ಫ್ರುಲಾನಿಯಾ ಎಂಬ ಹಾವಸೆಯಂಥ ಪುಟ್ಟ ಸಸ್ಯ ಹಬ್ಬಿರುತ್ತದೆ. ಅದರ ಎಲೆಗಳಲ್ಲಿ ನೀರು ಹಿಡಿದಿಡುವ ಸಣ್ಣ ಚೀಲಗಳಿವೆ. ಪಾಚಿ ಅಲ್ಲಿ ಬಿಡಾರ ಹೂಡುತ್ತದೆ, ಬೀಜಕಣದ ಭೇಟಿಯೂ ಅಲ್ಲೇ ಆಗುತ್ತದೆ ಎಂಬುದು ವಿಜ್ಞಾನಿಗಳ ಊಹೆ. ಮರ, ಮಂಜು, ಹಾವಸೆ, ಪಾಚಿ, ಇಷ್ಟೂ ಒಂದೇ ಕಡೆ ಕೂಡಿಬಂದರೆ ಮಾತ್ರ ಮದುವೆ. ನಮ್ಮ ಜಾತಕ ನೋಡುವವರೇ ವಾಸಿ!

ಹೀಗೆ ಕೂಡಿಬಂದದ್ದನ್ನು ಹಾಳುಮಾಡಲು ಹೆಚ್ಚೇನೂ ಬೇಕಿಲ್ಲ. ಕಲ್ಲುಹೂವಿಗೆ ಬೇರಿಲ್ಲ, ಎಲೆಗಳ ಮೇಲಿರುವಂಥ ಮೇಣದ ಪದರವೂ ಇಲ್ಲ; ಗಾಳಿಯಲ್ಲಿದ್ದದ್ದೆಲ್ಲ ಮೈಯೊಳಕ್ಕೆ ಇಳಿಯುತ್ತದೆ. ಕೊಡಗಿನ ಕಾಫಿ ತೋಟದ ಸಿಲ್ವರ್ ಓಕ್ ಮರವನ್ನೂ ಬೆಂಗಳೂರಿನ ಸಿಗ್ನಲ್ ಪಕ್ಕದ ಮರವನ್ನೂ ಒಮ್ಮೆ ಹೋಲಿಸಿ ನೋಡಿದರೆ ಸಾಕು, ಗೊತ್ತಾಗುತ್ತದೆ. ನೀಲಿ-ಹಸಿರು ಪಾಚಿಯ ಕಲ್ಲುಹೂಗಳಂತೂ ಆಮ್ಲಕ್ಕೆ ಬಲುಬೇಗ ಸೋಲುತ್ತವೆ. ಕಲ್ಲಿದ್ದಲ ಹೊಗೆಯ ಗಂಧಕ ಗಾಳಿಯಲ್ಲಿ ತೇಲಿ, ಕಂಬಳಿ ಕಲ್ಲುಹೂವಿನ ಇನ್ನೊಂದು ನೆಲೆಯಾದ ಕೆನಡಾದ ನೋವಾ ಸ್ಕೋಷಿಯಾ ಪ್ರಾಂತ್ಯದ ಕರಾವಳಿ ಮುಟ್ಟಿತು. ಯಾವ ಮಂಜು ಕುಡಿದು ಬದುಕಿತ್ತೋ ಅದೇ ಮಂಜಿನಲ್ಲಿ ಆಮ್ಲ ಬೆರೆಯಿತು. ಸ್ವೀಡನ್ನಿನಲ್ಲೂ ಇದು ಇತ್ತು, ಕಾಡು ಕಡಿದ ಮೇಲೆ ಉಳಿಯಲಿಲ್ಲ. 2003ರಲ್ಲಿ ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟ (ಐಯುಸಿಎನ್) ಇದನ್ನು ತೀವ್ರ ಅಳಿವಿನಂಚಿನ ಜೀವಿ ಎಂದು ಕೆಂಪು ಪಟ್ಟಿಗೆ ಸೇರಿಸಿತು. ಆಗ ಇಡೀ ಪಟ್ಟಿಯಲ್ಲಿದ್ದ ಕಲ್ಲುಹೂಗಳು ಎರಡೇ.

ನನ್ನನ್ನು ಕಾಡುವುದು ಮೂಸ್‌ಗಳ ಕಥೆ. ಕಡವೆಗಿಂತ ದೊಡ್ಡ ಈ ಜಿಂಕೆ ಜಾತಿ ನ್ಯೂಫೌಂಡ್‌ಲ್ಯಾಂಡಿನ ಮೂಲನಿವಾಸಿಯಲ್ಲ. 1904ರಲ್ಲಿ ನ್ಯೂ ಬ್ರನ್ಸ್‌ವಿಕ್ ಪ್ರಾಂತ್ಯದಿಂದ ಎರಡು ಗಂಡು, ಎರಡು ಹೆಣ್ಣು ತಂದು ಬಿಟ್ಟರು. ಕೆಲವು ದಶಕಗಳಲ್ಲಿ ದ್ವೀಪದ ತೋಳಗಳು ನಿರ್ನಾಮವಾದವು. ಇವತ್ತು ಮೂಸ್‌ಗಳ ಸಂಖ್ಯೆ ಲಕ್ಷದ ಆಸುಪಾಸು. ಅವು ಕಂಬಳಿ ಕಲ್ಲುಹೂವನ್ನು ಅರಸಿ ತಿನ್ನುವುದಿಲ್ಲ. ಚಳಿಗಾಲದಲ್ಲಿ ಫರ್ ಸಸಿಗಳ ಚಿಗುರು ಮೇಯುತ್ತವೆ, ಅಷ್ಟೆ. ಫರ್ ದೀರ್ಘಾಯುಷಿಯಲ್ಲ. ಮುದಿ ಮರ ಉರುಳಿದಾಗ ಪಕ್ಕದಲ್ಲಿ ಪ್ರಾಯದ ಮರ ಇಲ್ಲದಿದ್ದರೆ ಬೀಜಕಣ ಎಲ್ಲಿ ಇಳಿಯಬೇಕು?

ಒಳ್ಳೆಯ ಸುದ್ದಿಯೂ ಇದೆ. ಈ ಶತಮಾನದ ಮೊದಲ ದಶಕದಲ್ಲಿ ಅಲಾಸ್ಕಾದ ಡೆನಾಲಿ ರಾಷ್ಟ್ರೀಯ ಉದ್ಯಾನದ ಸೀಮೆಯಲ್ಲಿ, ಯಾರೂ ನಿರೀಕ್ಷಿಸದ ಕಡೆ, ಕಂಬಳಿ ಕಲ್ಲುಹೂ ಧಾರಾಳವಾಗಿ ಕಂಡಿತು. ನೋವಾ ಸ್ಕೋಷಿಯಾದ ಸರ್ಕಾರಿ ಕಾಡುಗಳಲ್ಲಿ ಇದು ಕಂಡ ಜಾಗದ ಸುತ್ತ ಮರ ಕಡಿಯುವಂತಿಲ್ಲ.

ಜಗತ್ತಿಗೆ ಇದು ಮೊದಲು ಸಿಕ್ಕಿದ್ದು 1902ರಲ್ಲಿ, ಆ ನಾಲ್ಕು ಮೂಸ್‌ಗಳು ಹೊರಟುಬಂದ ನ್ಯೂ ಬ್ರನ್ಸ್‌ವಿಕ್‌ನಲ್ಲೇ, ಕಂಪೊಬೆಲ್ಲೊ ಎಂಬ ಪುಟ್ಟ ದ್ವೀಪದಲ್ಲಿ. ಆ ಪ್ರಾಂತ್ಯದಲ್ಲಿ ಈಗ ಒಂದೂ ಉಳಿದಿಲ್ಲ.