‘ಸಂಸ್ಕಾರ’ದ ಛಾಯಾಗ್ರಹಣ: ಟಾಮ್ ಕೋವನ್ ಅವರ ಕೊಡುಗೆ

ಕನ್ನಡದ ಹೊಸ ಅಲೆಯ ಚಿತ್ರಗಳ ಚರ್ಚೆ 1970ರ ‘ಸಂಸ್ಕಾರ’ದಿಂದ ಆರಂಭವಾಗುವುದು ರೂಢಿ. ಯು.ಆರ್. ಅನಂತಮೂರ್ತಿಯವರ 1965ರ ಕಾದಂಬರಿ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ, ಗಿರೀಶ ಕಾರ್ನಾಡರ ಚಿತ್ರಕಥೆ ಹಾಗೂ ಅಭಿನಯ, ಸೆನ್ಸಾರ್ ಮಂಡಳಿಯ ನಿರಾಕರಣೆ, ಕೊನೆಗೆ ರಾಷ್ಟ್ರಪತಿಗಳ ಸ್ವರ್ಣಪದಕ: ಇವು ವಿಸ್ತಾರವಾಗಿ ದಾಖಲಾಗಿವೆ. ಆದರೆ ಆಸ್ಟ್ರೇಲಿಯಾದ ಛಾಯಾಗ್ರಾಹಕ ಟಾಮ್ ಕೋವನ್ ಅವರ ಹೆಸರು ಬಹುತೇಕ ಒಂದು ಸಾಲಿನ ಉಲ್ಲೇಖಕ್ಕೆ ಸೀಮಿತವಾಗಿದೆ. ಕನ್ನಡದಲ್ಲಿ ಅವರ ವೃತ್ತಿಜೀವನ ಅಲ್ಪಕಾಲದ್ದು. ಅದರ ಪರಿಣಾಮ ಮಾತ್ರ ಅಲ್ಪವಲ್ಲ.

ಅಂದಿನ ಕನ್ನಡ ಚಿತ್ರಗಳ ಬಹುಪಾಲು ಮದರಾಸಿನ ಸ್ಟುಡಿಯೋಗಳನ್ನು ಅವಲಂಬಿಸಿತ್ತು. ಅಲ್ಲಿ ಗೋಡೆಯನ್ನು ಸರಿಸಬಹುದು, ದೀಪಗಳನ್ನು ಬೇಕಾದಲ್ಲಿ ತೂಗಿಬಿಡಬಹುದು. ‘ಸಂಸ್ಕಾರ’ದ ಚಿತ್ರೀಕರಣ ನಡೆದದ್ದು ಶೃಂಗೇರಿ ಸಮೀಪದ ವೈಕುಂಠಪುರದಲ್ಲಿ. ಮಲೆನಾಡಿನ ಹಳೆಯ ಮನೆಗಳಲ್ಲಿ ಬೆಳಕು ತೊಟ್ಟಿಯಿಂದಲೋ ಬಾಗಿಲಿನಿಂದಲೋ ಬರಬೇಕು. ನಡುಮನೆ ಹಗಲಿನಲ್ಲೂ ಮಬ್ಬು. ಕಿರಿದಾದ ಕೋಣೆಯಲ್ಲಿ ಕ್ಯಾಮೆರಾ ಹಿಂದೆ ಸರಿಯಲು ಜಾಗವಿರದು. ಕಡಿಮೆ ಬಂಡವಾಳದ ನಿರ್ಮಾಣದಲ್ಲಿ ಕಚ್ಚಾ ಫಿಲ್ಮಿನ ಒಂದೊಂದು ಅಡಿಯೂ ಲೆಕ್ಕದ್ದೇ. ಪಿ. ಲಂಕೇಶ್ ಮೊದಲಾದ ಮುಖ್ಯ ಪಾತ್ರಧಾರಿಗಳು ವೃತ್ತಿಪರ ಚಿತ್ರನಟರೂ ಆಗಿರಲಿಲ್ಲ.

ಈ ಮಿತಿಗಳು ಕಥಾವಸ್ತುವಿಗೆ ಪೂರಕವಾದವು ಎಂಬುದು ಗಮನಾರ್ಹ. ನಾರಣಪ್ಪನ ಶವಕ್ಕೆ ಸಂಸ್ಕಾರ ಮಾಡುವವರು ಯಾರೆಂಬ ಪ್ರಶ್ನೆ ಅಗ್ರಹಾರವನ್ನು ಕಟ್ಟಿಹಾಕುತ್ತದೆ. ಆ ಬಿಗಿತವನ್ನು ಕಪ್ಪು ಬಿಳುಪಿನ ಗಾಢ ನೆರಳು ಸಂಭಾಷಣೆಗಿಂತ ಮೊದಲೇ ತಿಳಿಸುತ್ತದೆ. ಪ್ರಾಣೇಶಾಚಾರ್ಯರು ಅಗ್ರಹಾರ ಬಿಟ್ಟು ಹೊರಟ ಮೇಲೆ ಕಾಡು, ದಾರಿ, ಜಾತ್ರೆಗಳ ತೆರೆದ ಬೆಳಕು ಆವರಿಸುತ್ತದೆ. ಆದರೆ ಅಲ್ಲಿ ಅವರಿಗೆ ಬಿಡುಗಡೆಯಿಲ್ಲ, ಅಡಗಿಕೊಳ್ಳಲು ನೆರಳೂ ಇಲ್ಲ. ಕಾದಂಬರಿಯ ಅಂತರಂಗದ ತೊಳಲಾಟಕ್ಕೆ ಛಾಯಾಗ್ರಹಣ ಒದಗಿಸಿದ ದೃಶ್ಯರೂಪ ಇದು.

ಕೋವನ್ ಮುಂದೆ ತಮ್ಮ ದೇಶದಲ್ಲಿ ‘ದಿ ಆಫೀಸ್ ಪಿಕ್‌ನಿಕ್’ (1972), ‘ಜರ್ನಿ ಅಮಂಗ್ ವಿಮೆನ್’ (1977) ಚಿತ್ರಗಳನ್ನು ನಿರ್ದೇಶಿಸಿದರು. ಜಾನ್ ಡೈಗನ್ ಅವರ ‘ಮೌತ್ ಟು ಮೌತ್’ (1978) ಚಿತ್ರಕ್ಕೆ ಛಾಯಾಗ್ರಾಹಕರಾದರು. ಅಲ್ಲಿಯೂ ಅವರದು ಸಣ್ಣ ಬಂಡವಾಳದ ಪ್ರಯೋಗಗಳ ಹಾದಿಯೇ.

ಕನ್ನಡದಲ್ಲಿ ಈ ಕ್ರಮ ಅವರೊಂದಿಗೆ ನಿಲ್ಲಲಿಲ್ಲ. ‘ವಂಶವೃಕ್ಷ’ಕ್ಕೆ (1971) ಯು.ಎಂ.ಎನ್. ಷರೀಫ್, ‘ಕಾಡು’ವಿಗೆ (1973) ಗೋವಿಂದ ನಿಹಲಾನಿ, ‘ಘಟಶ್ರಾದ್ಧ’ಕ್ಕೆ (1977) ಎಸ್. ರಾಮಚಂದ್ರ ಛಾಯಾಗ್ರಾಹಕರಾಗಿದ್ದರು. ಇವರೆಲ್ಲ ಕೋವನ್ ಅವರ ಶಿಷ್ಯರೆಂದು ಹೇಳುವುದು ಅತಿಶಯೋಕ್ತಿ. ಪ್ರತಿಯೊಬ್ಬರದೂ ಸ್ವತಂತ್ರ ದೃಷ್ಟಿ. ಆದರೆ ಇರುವ ಮನೆಯಲ್ಲಿ, ದೊರೆಯುವ ಬೆಳಕಿನಲ್ಲಿ ಗಂಭೀರವಾದ ಕನ್ನಡ ಚಿತ್ರವನ್ನು ತೆಗೆಯಬಹುದು ಎಂಬುದಕ್ಕೆ ‘ಸಂಸ್ಕಾರ’ ನಿದರ್ಶನವಾಗಿ ಅವರ ಮುಂದಿತ್ತು. ಸಾಹಿತ್ಯಕೃತಿಯ ನೆರಳಿನಲ್ಲಿಯೇ ಈ ಚಿತ್ರಗಳನ್ನು ಓದುವ ಪರಿಪಾಠದಲ್ಲಿ ತಂತ್ರಜ್ಞರ ಪಾಲು ಮರೆಯಾಗುತ್ತದೆ. ಹೊಸ ಅಲೆಯ ಚರಿತ್ರೆ ಪೂರ್ಣವಾಗಬೇಕಾದರೆ ಕಥೆಯೊಂದಿಗೆ ಬೆಳಕಿನ ಚರಿತ್ರೆಯನ್ನೂ ಬರೆಯಬೇಕಾಗುತ್ತದೆ.